ಬರ್ಮಿಂಗ್‌ಹ್ಯಾಮ್ ಪ್ರತಿಜ್ಞಾಪತ್ರ: ಒಂದು ಟೀಕೆ

1963ರ ಏಪ್ರಿಲ್-ಮೇ ತಿಂಗಳಲ್ಲಿ ಅಮೆರಿಕದ ಅಲಬಾಮಾ ರಾಜ್ಯದ ಬರ್ಮಿಂಗ್‌ಹ್ಯಾಮ್ ನಗರದಲ್ಲಿ ಕಪ್ಪು ಜನರ ಚರ್ಚುಗಳು ಸಂಜೆಯಾದರೆ ತುಂಬುತ್ತಿದ್ದವು. ಹಾಡು, ಪ್ರಾರ್ಥನೆ, ಭಾಷಣ ಮುಗಿದ ಮೇಲೆ ಜೈಲಿಗೆ ಹೋಗಲು ಯಾರು ಸಿದ್ಧ ಎಂದು ಕೇಳುತ್ತಿದ್ದರು. ಎದ್ದು ಮುಂದೆ ಬಂದವರ ಕೈಗೆ ಒಂದು ಕಾರ್ಡು ಕೊಡುತ್ತಿದ್ದರು. ಅದರಲ್ಲಿ ಹತ್ತು ನಿಯಮಗಳು, ಕೆಳಗೆ ಹೆಸರು ವಿಳಾಸ ತುಂಬುವ ಗೆರೆಗಳು, ಅದರ ಕೆಳಗೆ ಕೆಲಸಗಳ ಪಟ್ಟಿ. ಸಹಿ ಹಾಕದವರಿಗೆ ಮೆರವಣಿಗೆಯಲ್ಲಿ ಜಾಗವಿಲ್ಲ. ಮಾರ್ಟಿನ್ ಲೂಥರ್ ಕಿಂಗ್ ಮರುವರ್ಷ ಬರೆದ ಪುಸ್ತಕದಲ್ಲಿ ಈ ಕಾರ್ಡನ್ನು ಪೂರ್ತಿಯಾಗಿ ಅಚ್ಚು ಹಾಕಿಸಿದರು.

ಅಹಿಂಸೆಯ ಬಗ್ಗೆ ನಾವು ಓದುವುದೆಲ್ಲ ಸಾಮಾನ್ಯವಾಗಿ ಮಹಾತ್ಮರ ಮಾತು. ಇದು ಹಾಗಲ್ಲ. ಅಡುಗೆಮನೆಯ ಹೆಂಗಸು, ಶಾಲೆಯ ಹುಡುಗ, ಉಕ್ಕಿನ ಕಾರ್ಖಾನೆಯ ಕೂಲಿ ಓದಿ ಸಹಿ ಹಾಕಬೇಕಾಗಿದ್ದ ಕಾಗದ. ಓದಿದರೆ ಭಕ್ತಿಯ ಮಾತಿನಂತೆ ಕಾಣುತ್ತದೆ. ಒಂದೊಂದು ಸಾಲನ್ನೂ ಆ ಊರಿನ ಬೀದಿಗಳ ಜೊತೆ ಇಟ್ಟು ನೋಡಿದರೆ ಇದು ಸೈನ್ಯದ ಭರ್ತಿ ಪತ್ರ. ಕಿಂಗ್ ಕೂಡ ತಮ್ಮವರನ್ನು ಸೈನ್ಯ ಎಂದೇ ಕರೆದರು. ಸಾಲುಗಳ ಭಾವವನ್ನು ನನ್ನ ಮಾತಿನಲ್ಲಿ ಹೇಳಿ ಟೀಕೆ ಬರೆಯುತ್ತೇನೆ.

ಒಂದನೆಯ ಸಾಲು: ಏಸುವಿನ ಬದುಕನ್ನೂ ಬೋಧನೆಯನ್ನೂ ದಿನವೂ ನೆನೆಯುವುದು

ಗಾಂಧಿಯ ಹೆಸರಿಲ್ಲ. ಇದು ನಮ್ಮವರಿಗೆ ಮೊದಲು ಚುಚ್ಚುವ ಸಂಗತಿ. ಈ ಚಳವಳಿಯ ವಿಧಾನ ಭಾರತದಿಂದ ಹೋದದ್ದು ಎಂಬುದಕ್ಕೆ ಸಾಕ್ಷಿ ಬೇಕಾದಷ್ಟಿದೆ. ಜೇಮ್ಸ್ ಲಾಸನ್ ಎಂಬ ಮೆಥಡಿಸ್ಟ್ ಯುವಕ ಕೊರಿಯಾ ಯುದ್ಧದ ಕಾಲದಲ್ಲಿ ಸೇನೆ ಸೇರಲು ಒಪ್ಪದೆ ಜೈಲು ಸೇರಿ, ಬಿಡುಗಡೆಯಾದ ಮೇಲೆ ನಾಗಪುರದ ಹಿಸ್ಲಾಪ್ ಕಾಲೇಜಿಗೆ ಬಂದು ಕೆಲಸ ಮಾಡಿದವರು. ಮಾಂಟ್ಗೊಮರಿ ನಗರದಲ್ಲಿ ಕಿಂಗ್ ಮುನ್ನಡೆಸಿದ ಬಸ್ ಬಹಿಷ್ಕಾರದ ಸುದ್ದಿಯನ್ನು ಅವರು ಓದಿದ್ದು ನಾಗಪುರದ ಪತ್ರಿಕೆಯಲ್ಲಿ. ಊರಿಗೆ ಹಿಂತಿರುಗಿ 1959ರಲ್ಲಿ ನ್ಯಾಶ್‌ವಿಲ್ ನಗರದಲ್ಲಿ ವಿದ್ಯಾರ್ಥಿಗಳಿಗೆ ತರಬೇತಿ ಶಿಬಿರ ನಡೆಸಿದರು. ಅಲ್ಲಿ ಪಳಗಿದ ಜೇಮ್ಸ್ ಬೆವೆಲ್ ಬರ್ಮಿಂಗ್‌ಹ್ಯಾಮಿನ ಮುಖ್ಯ ಸಂಘಟಕರಲ್ಲೊಬ್ಬರಾದರು. ಕಿಂಗ್ ಸ್ವತಃ 1959ರಲ್ಲಿ ಭಾರತಕ್ಕೆ ಬಂದು ಒಂದು ತಿಂಗಳು ಸುತ್ತಿದ್ದರು.

ಹೀಗಿದ್ದೂ ಕಾರ್ಡಿನಲ್ಲಿ ಏಸು. ನನಗೆ ಇದು ಸರಿಯೆನಿಸುತ್ತದೆ. ಪೊಲೀಸರ ನಾಯಿ ಮೈಮೇಲೆ ಬೀಳುವ ಹೊತ್ತಿನಲ್ಲಿ ಓದಿ ತಿಳಿದ ಹೆಸರು ಕೈಹಿಡಿಯುವುದಿಲ್ಲ; ತೊಟ್ಟಿಲಿನಿಂದ ಕೇಳಿದ ಹೆಸರೇ ಬೇಕು. ಗಾಂಧಿಯೂ ತಮ್ಮ ಜನರಿಗೆ ಟಾಲ್‌ಸ್ಟಾಯ್ ಹೆಸರಿನಲ್ಲಿ ಪ್ರಾರ್ಥನೆ ಮಾಡಿಸಲಿಲ್ಲ, ರಾಮನ ಹೆಸರಿನಲ್ಲಿ ಮಾಡಿಸಿದರು. ಅದರ ಬೆಲೆಯೂ ಇದೆ: ರಾಮನ ಹೆಸರು ಬೇಡ ಎನ್ನುವವರು ಹೊರಗುಳಿದಂತೆ ಅಲ್ಲಿಯೂ ಏಸುವಿನಲ್ಲಿ ನಂಬಿಕೆ ಇಲ್ಲದವನು ಈ ಸಾಲಿನ ಮುಂದೆ ತಡವರಿಸಬೇಕು. ಕಾರ್ಡು ಅವನಿಗೆ ಬೇರೆ ದಾರಿ ತೋರಿಸುವುದಿಲ್ಲ.

ಎರಡನೆಯ ಸಾಲು: ನಮಗೆ ಬೇಕಾದದ್ದು ನ್ಯಾಯ ಮತ್ತು ರಾಜಿ, ಗೆಲುವಲ್ಲ

ಹತ್ತರಲ್ಲಿ ಅತಿ ಕಷ್ಟದ ಸಾಲು ಇದು, ಬರೆದವರಿಗೂ ಕಷ್ಟವಾದ ಸಾಲು. ಏಕೆಂದರೆ ಚಳವಳಿಯನ್ನು ಹೂಡಿದ್ದು ಗೆಲ್ಲುವ ಲೆಕ್ಕದಲ್ಲೇ. ಕಿಂಗ್ ಸಂಘಟನೆಯ ಕಾರ್ಯನಿರ್ವಾಹಕ ನಿರ್ದೇಶಕ ವ್ಯಾಟ್ ಟೀ ವಾಕರ್ ಪೇಟೆಯ ಅಂಗಡಿಗಳ ಊಟದ ಕೌಂಟರುಗಳಲ್ಲಿ ಎಷ್ಟು ಕುರ್ಚಿ, ಎಷ್ಟು ಬಾಗಿಲು ಎಂದು ಎಣಿಸಿ ಇಟ್ಟಿದ್ದರು. ಈಸ್ಟರ್ ಹಬ್ಬದ ವ್ಯಾಪಾರಕ್ಕೆ ಹೊಡೆತ ಬೀಳಲೆಂದು ಏಪ್ರಿಲ್ 3ನ್ನು ಆರಿಸಿದರು. ಹಿಂದಿನ ದಿನವಷ್ಟೇ ನಗರದ ಪೊಲೀಸು-ಅಗ್ನಿಶಾಮಕ ಎರಡನ್ನೂ ಕೈಯಲ್ಲಿಟ್ಟುಕೊಂಡಿದ್ದ ಬುಲ್ ಕಾನರ್ ಮೇಯರ್ ಚುನಾವಣೆಯಲ್ಲಿ ಸೋತಿದ್ದ, ಕುರ್ಚಿಯನ್ನು ಮಾತ್ರ ಬಿಟ್ಟಿರಲಿಲ್ಲ. ಯೋಜನೆಯ ಗುಪ್ತನಾಮದಲ್ಲೇ ಮುಖಾಮುಖಿ ಎಂಬ ಅರ್ಥವಿತ್ತು. ಇಷ್ಟೆಲ್ಲ ಮಾಡಿ ಗೆಲುವು ಬೇಡವೆನ್ನುವುದು ಬೂಟಾಟಿಕೆಯೇ ಎಂದು ಪೂರ್ವಪಕ್ಷ.

ಉತ್ತರ ಮೇ 10ರ ಒಪ್ಪಂದದಲ್ಲಿದೆ. ಬೇಡಿಕೆಗಳಲ್ಲಿ ಯಾರನ್ನೂ ಶಿಕ್ಷಿಸುವ ಮಾತಿಲ್ಲ. ಊಟದ ಕೌಂಟರು, ಶೌಚಾಲಯ, ಬಟ್ಟೆ ತೊಟ್ಟು ನೋಡುವ ಕೋಣೆ, ಕುಡಿಯುವ ನೀರಿನ ನಲ್ಲಿ 90 ದಿನಗಳೊಳಗೆ ಎಲ್ಲರಿಗೂ ತೆರೆಯಬೇಕು, ಅಂಗಡಿಗಳಲ್ಲಿ ಕಪ್ಪು ಜನರಿಗೆ ನೌಕರಿ, ಬಡ್ತಿ ಕೊಡಬೇಕು, ಬಂಧಿತರು ಹೊರಬರಬೇಕು, ಎರಡೂ ಜನ ಕೂತು ಮಾತಾಡುವ ಸಮಿತಿ ಇರಬೇಕು. ನಾಳೆಯೂ ಅದೇ ಅಂಗಡಿಗೆ ಹೋಗಿ ಅದೇ ಮಾಲೀಕನಿಂದ ಅಂಗಿ ಕೊಳ್ಳಬೇಕಾದವರ ಬೇಡಿಕೆಗಳು ಇವು.

ಆದರೆ ಈ ಸಾಲು ಒಳಗೇ ಬಿರುಕು ತಂದಿತು. ಆ ಊರಿನಲ್ಲಿ ವರ್ಷಗಟ್ಟಲೆ ಒಬ್ಬರೇ ನಿಂತು ಹೋರಾಡಿದ್ದ ಪಾದ್ರಿ ಫ್ರೆಡ್ ಷಟಲ್ಸ್‌ವರ್ತ್ ಮನೆಯನ್ನು 1956ರ ಕ್ರಿಸ್‌ಮಸ್ ರಾತ್ರಿ ಬಾಂಬು ಉರುಳಿಸಿತ್ತು. 1963ರ ಮೇ 7ರಂದು ಅಗ್ನಿಶಾಮಕ ದಳದ ನೀರಿನ ಪೈಪಿನ ಹೊಡೆತಕ್ಕೆ ಸಿಕ್ಕಿ ಆಸ್ಪತ್ರೆ ಸೇರಿದರು. ಮರುದಿನ ಎದ್ದು ಬಂದು ನೋಡಿದರೆ ತಮ್ಮನ್ನು ಕೇಳದೆ ಕಿಂಗ್ ಮೆರವಣಿಗೆ ನಿಲ್ಲಿಸಲು ಒಪ್ಪಿಬಿಟ್ಟಿದ್ದರು. ಅವರು ಕೆಂಡವಾದರು, ಮೇ 2ರಿಂದ ಮೆರವಣಿಗೆ ನಡೆಸಿದ್ದ ಶಾಲೆಯ ಮಕ್ಕಳನ್ನು ಮತ್ತೆ ಬೀದಿಗೆ ಇಳಿಸುತ್ತೇನೆಂದರು. ಕೊನೆಗೆ ಒಪ್ಪಂದದ ಘೋಷಣೆಯಲ್ಲಿ ಕಿಂಗ್ ಪಕ್ಕದಲ್ಲೇ ಕೂತರು. ಎದುರಾಳಿಯೊಡನೆ ರಾಜಿಗೆ ಎಲ್ಲರೂ ಸಿದ್ಧರಿರುತ್ತಾರೆ. ಜೊತೆಗಾರನ ಗಾಯಕ್ಕೆ ಬೆಲೆ ಕಟ್ಟುವವರು ಯಾರು ಎಂಬ ಪ್ರಶ್ನೆಗೆ ಎರಡನೆಯ ಸಾಲಿನಲ್ಲಿ ಉತ್ತರವಿಲ್ಲ. ಷಟಲ್ಸ್‌ವರ್ತ್ ಸಿಟ್ಟು ನ್ಯಾಯವಾದದ್ದೆಂದೇ ನನ್ನ ಮತ.

ಮೂರು ಮತ್ತು ನಾಲ್ಕನೆಯ ಸಾಲುಗಳು: ನಡೆನುಡಿಯಲ್ಲಿ ಪ್ರೀತಿ, ದೇವರ ಕೈಯ ಉಪಕರಣವಾಗಲು ಪ್ರಾರ್ಥನೆ

ಒಟ್ಟಿಗೆ ಓದಬಹುದು. ಪ್ರಾರ್ಥನೆಯ ಕೆಲಸ ಇಲ್ಲಿ ಬರಿಯ ಒಳಗಿನದಲ್ಲ. ಮೇ 5ರ ಭಾನುವಾರ ಪಾದ್ರಿ ಚಾರ್ಲ್ಸ್ ಬಿಲಪ್ಸ್ ಮುಂದಾಳ್ತನದಲ್ಲಿ ಜನ ಜೈಲಿನತ್ತ ನಡೆದಾಗ ಪೊಲೀಸರು ತಡೆದರು. ಜನ ಅಲ್ಲೇ ಮೊಣಕಾಲೂರಿ ಪ್ರಾರ್ಥನೆಗೆ ಕೂತರು. ಆಮೇಲೆ ಎದ್ದು ಮುಂದೆ ನಡೆದಾಗ ಅಗ್ನಿಶಾಮಕ ದಳದವರು ನೀರು ಬಿಡದೆ ಸರಿದು ನಿಂತರು. ಪವಾಡವೆಂದು ಚಳವಳಿಯವರು ನೆನೆಯುತ್ತಾರೆ. ಹಿಂದಿನ ದಿನಗಳಲ್ಲಿ ಮಕ್ಕಳ ಮೇಲೆ ನೀರು ಬಿಟ್ಟು ಬೇಸತ್ತ ಕೈಗಳು ಅವು ಎಂದು ನನಗನಿಸುತ್ತದೆ. ಎರಡೂ ಇರಬಹುದು.

ಐದನೆಯ ಸಾಲು: ಎಲ್ಲರ ಬಿಡುಗಡೆಗಾಗಿ ಸ್ವಂತದ ಆಸೆಗಳನ್ನು ಬಿಡುವುದು

ಕೇಳಲು ಸನ್ಯಾಸದ ಮಾತು. ಊರಿನಲ್ಲಿ ಇದರ ಅರ್ಥ ಬೇರೆ: ಪೇಟೆಯ ಅಂಗಡಿಗಳಿಗೆ ಬಹಿಷ್ಕಾರ, ಹಾಗಾಗಿ ಈಸ್ಟರಿಗೆ ಮಕ್ಕಳಿಗೆ ಹೊಸ ಬಟ್ಟೆ ಇಲ್ಲ. ವರ್ಷಕ್ಕೊಮ್ಮೆ ಹೊಸ ಬಟ್ಟೆ ತೊಟ್ಟು ಚರ್ಚಿಗೆ ಹೋಗುವ ಬಡವರಿಗೆ ಇದು ಸಣ್ಣ ತ್ಯಾಗವಲ್ಲ. ಹಳೆಯ ಉಡುಪಿನಲ್ಲೇ, ಕೆಲವರು ಡೆನಿಮ್ಮಿನಲ್ಲೇ ಬಂದರು. ಕಿಂಗ್ ಕೂಡ ಏಪ್ರಿಲ್ 12ರ ಗುಡ್ ಫ್ರೈಡೆಯಂದು ಜೈಲಿಗೆ ಹೋದದ್ದು ಅದೇ ಒರಟು ಬಟ್ಟೆಯಲ್ಲಿ. ಅಂಗಡಿಗಳ ಗಲ್ಲಾ ಖಾಲಿಯಾದದ್ದು ಈ ಐದನೆಯ ಸಾಲಿನಿಂದ. ವ್ಯಾಪಾರಿಗಳು ಮಾತುಕತೆಗೆ ಬರಲು ಅದು ಬಹಳ ಮಟ್ಟಿಗೆ ಕಾರಣ.

ಆರು, ಏಳು: ಹಗೆಯೊಂದಿಗೂ ಮರ್ಯಾದೆ; ನಿತ್ಯ ಯಾವುದಾದರೂ ಸೇವೆ

ಆರನೆಯದು ನ್ಯಾಶ್‌ವಿಲ್ ವಿದ್ಯಾರ್ಥಿಗಳು 1960ರಲ್ಲಿ ಹಂಚಿದ್ದ ನಿಯಮಪಟ್ಟಿಯ ಜಾಡಿನಲ್ಲಿದೆ. ಬೈದರೆ ತಿರುಗಿ ಬೈಯಬೇಡ, ನೆಟ್ಟಗೆ ಕೂರು, ಮುಖ ಕೌಂಟರಿನ ಕಡೆಗಿರಲಿ, ಬಾಗಿಲಿಗೆ ಅಡ್ಡ ನಿಲ್ಲಬೇಡ ಎಂಬಂಥ ಸೂಚನೆಗಳು ಅದರಲ್ಲಿದ್ದವು. ಗಾಂಧಿ 1930ರ ಫೆಬ್ರವರಿಯಲ್ಲಿ ದಂಡಿಗೆ ಹೊರಡುವ ಮುಂಚೆ ಪ್ರಕಟಿಸಿದ ಸತ್ಯಾಗ್ರಹಿಯ ನಿಯಮಗಳು ಇನ್ನೂ ಒಂದು ಹೆಜ್ಜೆ ಮುಂದೆ: ಯಾರಾದರೂ ಅಧಿಕಾರಿಯ ಮೇಲೆ ಕೈಮಾಡಿದರೆ ಸತ್ಯಾಗ್ರಹಿ ಪ್ರಾಣ ಕೊಟ್ಟಾದರೂ ಆ ಅಧಿಕಾರಿಯನ್ನು ಕಾಯಬೇಕು. ಬರ್ಮಿಂಗ್‌ಹ್ಯಾಮ್ ಕಾರ್ಡು ಅಷ್ಟು ಕೇಳುವುದಿಲ್ಲ.

ಏಳನೆಯದು ಸೇವೆ. ಅದಕ್ಕೆ ಟೀಕೆ ಬೇಡ.

ಎಂಟನೆಯ ಸಾಲು: ಮುಷ್ಟಿ, ನಾಲಿಗೆ, ಹೃದಯ ಮೂರರಲ್ಲೂ ಹಿಂಸೆ ಬೇಡ

ಕನ್ನಡದ ಓದುಗರಿಗೆ ಇದು ಪರಿಚಿತ ದಾರಿ. ಕಾಯ, ವಾಕ್ಕು, ಮನಸ್ಸು ಎಂಬ ತ್ರಿಕರಣದ ಮಾತನ್ನು ಜೈನ ಆಚಾರಗ್ರಂಥಗಳು ಸಾವಿರಾರು ವರ್ಷಗಳಿಂದ ಹೇಳುತ್ತ ಬಂದಿವೆ. ಅವು ಇನ್ನೂ ಮೂರನ್ನು ಸೇರಿಸುತ್ತವೆ: ತಾನು ಮಾಡುವುದು, ಮಾಡಿಸುವುದು, ಮಾಡಿದವನನ್ನು ಮೆಚ್ಚುವುದು.

ಮುಷ್ಟಿ ಮೊದಲು. 1962ರ ಸೆಪ್ಟೆಂಬರ್ 28ರಂದು ಇದೇ ಊರಿನ ಸಮ್ಮೇಳನದಲ್ಲಿ ಕಿಂಗ್ ಮಾತಾಡುತ್ತಿದ್ದಾಗ ಅಮೆರಿಕನ್ ನಾಟ್ಜಿ ಪಕ್ಷದ ಯುವಕನೊಬ್ಬ ವೇದಿಕೆ ಹತ್ತಿ ಮುಖಕ್ಕೆ ಗುದ್ದಿದ. ಗುದ್ದಿನ ಮೇಲೆ ಗುದ್ದು. ಕಿಂಗ್ ಅವನ ಕಡೆ ತಿರುಗಿ ಎರಡೂ ಕೈ ಇಳಿಬಿಟ್ಟು ನಿಂತರು. ಅವನನ್ನು ಯಾರೂ ಮುಟ್ಟಬಾರದೆಂದು ಸಭೆಗೆ ಹೇಳಿದರು. ಇದೇ ಕಿಂಗ್ 1956ರ ಆರಂಭದಲ್ಲಿ ಮಾಂಟ್ಗೊಮರಿಯ ತಮ್ಮ ಮನೆಯಲ್ಲಿ ಪಿಸ್ತೂಲು ಇಟ್ಟುಕೊಂಡಿದ್ದವರು, ಬಂದೂಕಿನ ಕಾವಲಿನಲ್ಲಿ ಮಲಗಿದವರು. ಅಹಿಂಸಾವಾದಿ ಬೇಯಾರ್ಡ್ ರಸ್ಟಿನ್ ಮತ್ತಿತರರ ಒತ್ತಾಯದಿಂದ ಅದನ್ನು ಬಿಟ್ಟರು. ಅಹಿಂಸೆ ಅವರಿಗೆ ಹುಟ್ಟುಗುಣವಾಗಿರಲಿಲ್ಲ, ಕಲಿತ ವಿದ್ಯೆ. ಉಳಿದವರಿಗೂ ಕಲಿಸಬಹುದೆಂಬ ಧೈರ್ಯದಿಂದಲೇ ಕಾರ್ಡು ಅಚ್ಚಾಯಿತು. ಕಲಿಸುವ ಬಗೆ ನಾಟಕದ್ದು: ಒಬ್ಬ ಪೊಲೀಸನಾಗುವುದು, ಒಬ್ಬ ಬೈದು ನೂಕುವುದು, ಇನ್ನೊಬ್ಬ ತಾಳಿಕೊಳ್ಳುವುದು. ತಾಳಲಾರದವರಿಗೆ ಬೇರೆ ಕೆಲಸ.

ಸಭೆಗೆ ಬಂದವರ ಜೇಬಿನ ಚಾಕುಗಳನ್ನೂ ಕೇಳಿ ಪಡೆದರು. ಪೆನ್ಸಿಲ್ ಕೆತ್ತುವ ಚಾಕು, ಸ್ಕೌಟ್ ಹುಡುಗರ ಚಾಕು. ಹೆಚ್ಚಿನವರು ಇಟ್ಟುಕೊಂಡದ್ದು ಕಾನರ್‌ನ ನಾಯಿಗಳಿಗೆ ಹೆದರಿ. ಮನೆಯ ಗೋಡೆಗೆ ಒರಗಿಸಿಟ್ಟ ಬಂದೂಕಿನ ಬಗ್ಗೆ ಮಾತ್ರ ಕಾರ್ಡು ಚಕಾರವೆತ್ತುವುದಿಲ್ಲ. ಬಾಂಬಿಗೆ ಹೆದರಿ ಚರ್ಚು, ಮನೆ ಕಾಯುತ್ತಿದ್ದ ಊರಿನ ಕಾವಲುಗಾರರಲ್ಲಿ ಕೆಲವರ ಬಳಿ ಆಯುಧವಿತ್ತು. ಜೈನರು ಯತಿಗೆ ಮಹಾವ್ರತ, ಗೃಹಸ್ಥನಿಗೆ ಅಣುವ್ರತ ಎಂದು ಬೇರೆಮಾಡಿ, ಮೈಮೇಲೆ ಬಿದ್ದವನನ್ನು ತಡೆಯುವಾಗ ಆಗುವ ಹಿಂಸೆಯನ್ನು ಗೃಹಸ್ಥನಿಗೆ ವಿರೋಧೀ ಹಿಂಸೆ ಎಂದು ಪ್ರತ್ಯೇಕ ಇಟ್ಟರಲ್ಲ, ಆ ವಿವೇಕ ಇಲ್ಲಿಯೂ ಇದೆ. ಮೆರವಣಿಗೆಯ ಹೊತ್ತಿಗೆ ಯತಿ, ಮನೆಗೆ ಬಂದರೆ ಗೃಹಸ್ಥ.

ಇನ್ನು ಹೃದಯ. ಅಹಿಂಸಾತ್ಮಕ ಹೋರಾಟವನ್ನು ಶಾಸ್ತ್ರವಾಗಿ ಅಧ್ಯಯನ ಮಾಡಿದ ಜೀನ್ ಶಾರ್ಪ್ ಇದ್ದಿದ್ದರೆ ಈ ಪದಕ್ಕೆ ಗೀಟು ಎಳೆಯುತ್ತಿದ್ದರು. ಅವರೂ ಕೊರಿಯಾ ಯುದ್ಧಕ್ಕೆ ಹೋಗದೆ ಜೈಲು ಕಂಡವರೇ. 1973ರ ತಮ್ಮ ದೊಡ್ಡ ಗ್ರಂಥದಲ್ಲಿ ಮುಷ್ಕರ, ಬಹಿಷ್ಕಾರ, ಅಸಹಕಾರ ಎಂದು 198 ವಿಧಾನಗಳನ್ನು ಪಟ್ಟಿಮಾಡಿದರು. ಆಳುವವನ ಬಲ ಆಳಿಸಿಕೊಳ್ಳುವವರ ವಿಧೇಯತೆಯಲ್ಲಿದೆ; ಅದನ್ನು ಹಿಂತೆಗೆದುಕೊಂಡರೆ ಸಾಕು, ಎದುರಾಳಿಯನ್ನು ಪ್ರೀತಿಸಬೇಕಾಗಿಲ್ಲ ಎಂಬುದು ಅವರ ಸಿದ್ಧಾಂತ. ಹೃದಯದೊಳಗೆ ಹೊಕ್ಕು ತಪಾಸಣೆ ಮಾಡಲು ಯಾವ ಸಂಘಟಕನಿಗೂ ಆಗದು. ಹಾಗಾದರೆ ಕಾರ್ಡಿನಲ್ಲಿ ಯಾಕೆ ಬರೆಯಬೇಕು?

ಮೆರವಣಿಗೆಗಳು ಸಾಗುತ್ತಿದ್ದ ಕೆಲ್ಲಿ ಇಂಗ್ರಾಮ್ ಪಾರ್ಕನ್ನು ಮೇ ಮೊದಲ ವಾರದಲ್ಲಿ ನೋಡಿದರೆ ತಿಳಿಯುತ್ತದೆ. ನಡುವೆ ಸಹಿ ಹಾಕಿದವರು ಹಾಡುತ್ತ ನಡೆಯುತ್ತಿದ್ದರು. ಸುತ್ತ ಸಹಿ ಹಾಕದ ಗುಂಪು, ಮಕ್ಕಳಿಗೆ ಬೀಳುವ ಏಟು ನೋಡಲಾರದೆ ಇಟ್ಟಿಗೆ, ಬಾಟಲಿ ಎಸೆಯುತ್ತಿತ್ತು. ಮೆರವಣಿಗೆಯ ಹುಡುಗಿ ಕೈಯೆತ್ತಲಿಲ್ಲ, ಬೈಯಲಿಲ್ಲ, ಸರಿ. ಆದರೆ ಬಾಟಲಿ ಪೊಲೀಸನ ತಲೆಗೆ ಬಿದ್ದಾಗ ಒಳಗೊಳಗೇ ಭಲೆ ಎಂದರೆ? ಜೈನರ ಅನುಮೋದನೆ ಇದೇ. ಆ ಮೆಚ್ಚುಗೆ ಕಣ್ಣಿನಲ್ಲಿ ಕಂಡರೆ ಸಾಕು, ಎಸೆದವನಿಗೆ ಇನ್ನೊಂದು ಬಾಟಲಿಗೆ ಅಪ್ಪಣೆ ಸಿಕ್ಕಂತೆ. ಬೆವೆಲ್ ಪೊಲೀಸನ ಧ್ವನಿವರ್ಧಕವನ್ನೇ ಕೇಳಿ ಪಡೆದು, ಅಹಿಂಸೆಯಿಂದ ಇರಲಾಗದವರು ಮನೆಗೆ ಹೋಗಿ ಎಂದು ಗುಂಪಿಗೆ ಕೂಗಿ ಹೇಳಿದ್ದು ಇಂಥ ಹೊತ್ತಿನಲ್ಲೇ. ಶಾರ್ಪ್ ವಾದ ಮುಷ್ಕರಕ್ಕೆ ಹೊಂದುತ್ತದೆ, ಮನೆಯಲ್ಲಿ ಕೂತು ಅಂಗಡಿಗೆ ಹೋಗದಿರುವುದಕ್ಕೆ ಹೊಂದುತ್ತದೆ. ಮುಖಾಮುಖಿ ನಿಲ್ಲುವ ಜಾಗದಲ್ಲಿ ಹೃದಯ ಮುಖದ ಮೇಲೆ ಬರುತ್ತದೆ. ಅದಕ್ಕೇ ಆ ಪದ ಅಲ್ಲಿರಬೇಕು.

ಒಂಬತ್ತನೆಯ ಸಾಲು: ಆತ್ಮವೂ ದೇಹವೂ ಗಟ್ಟಿಯಾಗಿರಲಿ

ವೈದ್ಯರ ಸಲಹೆಯಂತೆ ತೋರುತ್ತದೆ. ಮರದ ತೊಗಟೆ ಸುಲಿಯುವಷ್ಟು ರಭಸದ ನೀರು, ಒಬ್ಬರ ಮೇಲೊಬ್ಬರು ತುಂಬಿದ ಜೈಲು ಎದುರಿಗಿದ್ದಾಗ ಇದು ಬೇಕಾದ ಮಾತು. ಒಂದು ಹೊತ್ತಿನಲ್ಲಿ ಸುಮಾರು 2,500 ಜನ ಒಳಗಿದ್ದರೆಂದು ಕಿಂಗ್ ಲೆಕ್ಕ. ಜೈಲು ಸಾಲದೆ ಜಾತ್ರೆ-ಪ್ರದರ್ಶನ ನಡೆಯುವ ಮೈದಾನಕ್ಕೂ ಮಕ್ಕಳನ್ನು ತುಂಬಿದರು.

ಮಕ್ಕಳ ಮಾತು ಬಂದಾಗ ಈ ಸಾಲು ಇಕ್ಕಟ್ಟಿಗೆ ಸಿಕ್ಕುತ್ತದೆ. ದೊಡ್ಡವರು ನೌಕರಿ ಹೋಗುವ ಭಯದಿಂದ ಹಿಂದೆ ಸರಿದಾಗ ಮೇ 2ರಂದು ಬೆವೆಲ್ ಶಾಲೆಯ ಮಕ್ಕಳನ್ನು ಇಳಿಸಿದರು. ಕೆಲವರಿಗೆ ಆರೇಳು ವರ್ಷ. ಚರ್ಚಿಗೆ ಸೇರುವಷ್ಟು ತಿಳಿವಳಿಕೆ ಇದ್ದರೆ ಜೈಲಿಗೆ ಹೋಗುವಷ್ಟೂ ಇದೆ ಎಂಬುದು ಬೆವೆಲ್ ತರ್ಕ. ಕಪ್ಪು ಜನರ ಇನ್ನೊಬ್ಬ ನಾಯಕ ಮಾಲ್ಕಮ್ ಎಕ್ಸ್ ಖಂಡಿಸಿದರು, ಅಟಾರ್ನಿ ಜನರಲ್ ರಾಬರ್ಟ್ ಕೆನಡಿಯೂ ಅಪಾಯವೆಂದರು. ಫಲ ಸಿಕ್ಕಿತು ಎಂಬ ಕಾರಣಕ್ಕೆ ಆ ತರ್ಕ ಸರಿಯಾಗುವುದಿಲ್ಲ. ಆದರೆ ಆ ಊರಿನ ಕಪ್ಪು ಮಗುವಿಗೆ ಮೆರವಣಿಗೆಗೆ ಇಳಿಯದಿದ್ದರೂ ಸುರಕ್ಷತೆ ಇರಲಿಲ್ಲ ಎಂಬುದನ್ನು ಸೆಪ್ಟೆಂಬರ್ 15 ತೋರಿಸಿತು. ಅಂದು ಮೆರವಣಿಗೆ ಇರಲಿಲ್ಲ. 16ನೇ ಬೀದಿಯ ಬ್ಯಾಪ್ಟಿಸ್ಟ್ ಚರ್ಚಿನಲ್ಲಿ ಭಾನುವಾರದ ಪ್ರಾರ್ಥನೆಗೆ ಸಿದ್ಧವಾಗುತ್ತಿದ್ದ ನಾಲ್ವರು ಹುಡುಗಿಯರನ್ನು ಬಾಂಬು ಕೊಂದಿತು. ಮೂವರಿಗೆ 14 ವರ್ಷ, ಒಬ್ಬಳಿಗೆ 11.

ಹತ್ತನೆಯ ಸಾಲು: ಚಳವಳಿಯ ಮತ್ತು ಮೆರವಣಿಗೆಯ ನಾಯಕರ ಆಜ್ಞೆ ಪಾಲಿಸುವುದು

ಆಜ್ಞೆ ಮುರಿಯಲು ಹೊರಟವರಿಗೆ ಆಜ್ಞಾಪಾಲನೆಯ ಪಾಠ! ಏಪ್ರಿಲ್ 10ರಂದು ರಾಜ್ಯದ ನ್ಯಾಯಾಧೀಶರೊಬ್ಬರು ಮೆರವಣಿಗೆಗೆ ತಡೆಯಾಜ್ಞೆ ಕೊಟ್ಟರು. ಕಿಂಗ್ ಎರಡು ದಿನಕ್ಕೆ ಅದನ್ನು ಮುರಿದರು. ವಿರೋಧಾಭಾಸ ಮೇಲುನೋಟದ್ದು. ಕಾನೂನನ್ನು ಯಾರು ಬೇಕಾದರೂ ಮುರಿಯಬಹುದು. ಇಂಥ ದಿನ, ಇಂಥ ಬೀದಿಯಲ್ಲಿ, ಇಷ್ಟೇ ಜನ, ಶಿಕ್ಷೆಗೆ ತಲೆಕೊಟ್ಟು ಮುರಿಯುವುದಕ್ಕೆ ಶಿಸ್ತು ಬೇಕು. ಅಮೆರಿಕದ ಸುಪ್ರೀಂ ಕೋರ್ಟು 1967ರಲ್ಲಿ ಐದಕ್ಕೆ ನಾಲ್ಕು ಮತಗಳಿಂದ ಆ ನ್ಯಾಯಾಂಗ ನಿಂದನೆಯ ಶಿಕ್ಷೆಯನ್ನು ಎತ್ತಿಹಿಡಿಯಿತು. ನೊಬೆಲ್ ಶಾಂತಿ ಪ್ರಶಸ್ತಿ ಬಂದು ಮೂರು ವರ್ಷವಾಗಿದ್ದ ಕಿಂಗ್ ಹೋಗಿ ಬರ್ಮಿಂಗ್‌ಹ್ಯಾಮಿನ ಜೈಲಿನಲ್ಲಿ ಆ ಬಾಕಿ ತೀರಿಸಿ ಬಂದರು.

ನಮ್ಮ ನಾ. ಸು. ಹರ್ಡೀಕರರಿಗೆ ಈ ಸಾಲು ಬಹಳ ಹಿಡಿಸುತ್ತಿತ್ತು. ಅಮೆರಿಕದ ಮಿಶಿಗನ್‌ನಲ್ಲಿ ಓದಿ ಬಂದ ಆ ವೈದ್ಯರು 1923ರಲ್ಲಿ ಹಿಂದೂಸ್ತಾನಿ ಸೇವಾದಳ ಕಟ್ಟಿ ಹುಬ್ಬಳ್ಳಿಯನ್ನು ಸ್ವಯಂಸೇವಕರ ತರಬೇತಿಯ ಕೇಂದ್ರ ಮಾಡಿದರು. ಕವಾಯತು, ಶಿಸ್ತು ಎಂದರೆ ಕಾಂಗ್ರೆಸ್ಸಿನ ಕೆಲವರಿಗೆ ಮಿಲಿಟರಿಯ ವಾಸನೆ ಬರುತ್ತಿದ್ದ ಕಾಲ ಅದು. ಸಾಲಾಗಿ ನಿಲ್ಲಲು ಬಾರದವರು ಲಾಠಿಯ ಎದುರು ನಿಲ್ಲುವುದು ಸುಳ್ಳು ಎಂಬುದು ಹರ್ಡೀಕರರಿಗೆ ಗೊತ್ತಿತ್ತು.

ಹತ್ತು ಸಾಲುಗಳ ಕೆಳಗೆ

ಉದ್ಧರಿಸುವವರು ಹತ್ತಕ್ಕೆ ನಿಲ್ಲಿಸುತ್ತಾರೆ. ಕಾರ್ಡು ಅಲ್ಲಿಗೆ ಮುಗಿಯುವುದಿಲ್ಲ. ಮೆರವಣಿಗೆಯಲ್ಲದೆ ಬೇರೆ ಏನು ಮಾಡಬಲ್ಲೆ ಎಂದು ಕೇಳಿ, ಗುರುತು ಹಾಕಲು ಕೆಲಸಗಳ ಪಟ್ಟಿ ಕೊಡುತ್ತದೆ: ಚಿಲ್ಲರೆ ಓಡಾಟ, ಕಾರು ಓಡಿಸುವುದು, ಕಾರ್ಯಕರ್ತರಿಗೆ ಅಡುಗೆ, ಗುಮಾಸ್ತೆ ಕೆಲಸ, ಫೋನು ಮಾಡುವುದು, ಫೋನು ಎತ್ತುವುದು, ಕರಪತ್ರ ತೆಗೆಯುವುದು, ಟೈಪು, ಫಲಕ ಬರೆಯುವುದು, ಹಂಚುವುದು. ನನ್ನ ಲೆಕ್ಕದಲ್ಲಿ ಕಾರ್ಡಿನ ಜೀವ ಇರುವುದು ಇಲ್ಲಿ. ಎಂಟನೆಯ ಸಾಲಿಗೆ ತಾನು ಸಾಲದವನೆಂದು ಪ್ರಾಮಾಣಿಕವಾಗಿ ಒಪ್ಪುವ ಮುಂಗೋಪಿಗೂ, ಮೊಣಕಾಲು ನೋವಿನ ಅಜ್ಜಿಗೂ ಇಲ್ಲಿ ಜಾಗವಿದೆ, ಮತ್ತು ಅದು ಎರಡನೇ ದರ್ಜೆಯ ಜಾಗವಲ್ಲ. ಸಾವಿರಾರು ಜನ ಜೈಲಿಗೆ ಹೋದರೆ ಅವರ ಹೆಸರು ಬರೆದಿಡಬೇಕು, ಜಾಮೀನು ಹೊಂದಿಸಬೇಕು, ಮನೆಯಲ್ಲಿ ಉಳಿದ ಮಕ್ಕಳಿಗೆ ಊಟ ಹಾಕಬೇಕು. ಜಾಮೀನಿನ ಹಣಕ್ಕೆ ಗಾಯಕ ಹ್ಯಾರಿ ಬೆಲಫಾಂಟೆ ನ್ಯೂಯಾರ್ಕಿನಲ್ಲಿ ಓಡಾಡಿದರು. ಅನ್ನ ಬೇಯಿಸಿದವರ ಹೆಸರು ಎಲ್ಲಿಯೂ ಇಲ್ಲ.

ಹತ್ತು ಸಾಲುಗಳಿಗೂ ಈ ಪಟ್ಟಿಗೂ ನಡುವೆ ಹೆಸರು, ವಿಳಾಸ, ಫೋನು, ಹತ್ತಿರದ ಸಂಬಂಧಿ ಯಾರು, ಅವರ ವಿಳಾಸ. ಬಾಂಬುಗಳಿಗೆ ಕುಖ್ಯಾತವಾಗಿ ಜನರ ಬಾಯಲ್ಲಿ ಬಾಂಬಿಂಗ್‌ಹ್ಯಾಮ್ ಆಗಿಹೋಗಿದ್ದ ಊರದು. ಒಪ್ಪಂದವಾದ ಮರುರಾತ್ರಿಯೇ ಕಿಂಗ್ ಸೋದರನ ಮನೆಯಲ್ಲೂ ಚಳವಳಿಯ ಠಾಣೆಯಾಗಿದ್ದ ಗ್ಯಾಸ್ಟನ್ ಮೋಟೆಲಿನಲ್ಲೂ ಬಾಂಬು ಸಿಡಿಯಿತು. ಅಂಥಲ್ಲಿ ಮನೆಯ ವಿಳಾಸವನ್ನು ಕಾಗದದ ಮೇಲೆ ಬರೆದುಕೊಡುವುದೇ ದಿಟ್ಟತನ. ಸಂಬಂಧಿಯ ಹೆಸರು ಯಾಕೆ ಕೇಳಿದರೆಂದು ತುಂಬುವವನಿಗೆ ಯಾರೂ ವಿವರಿಸಬೇಕಾಗಿರಲಿಲ್ಲ.

ಜನಾಂಗಭೇದವನ್ನು ಸಾರ್ವಜನಿಕ ಜಾಗಗಳಲ್ಲಿ ನಿಷೇಧಿಸಿದ ನಾಗರಿಕ ಹಕ್ಕು ಕಾಯ್ದೆಗೆ 1964ರ ಜುಲೈ 2ರಂದು ಸಹಿ ಬಿತ್ತು. ಅದರ ಹಿಂದೆ ಈ ಕಾರ್ಡಿನ ಸಹಿಗಳಿವೆ. ಶಾಲೆ-ಕಾಲೇಜುಗಳಲ್ಲಿ ಇದನ್ನು ಪಾಠ ಮಾಡುವ ಮೇಷ್ಟರು, ನಮ್ಮೂರುಗಳಲ್ಲಿ ಧರಣಿಗೆ ಜನ ಸೇರಿಸುವ ಗೆಳೆಯರು ದಯವಿಟ್ಟು ಹತ್ತನೆಯ ಸಾಲಿಗೇ ನಿಲ್ಲಿಸಬೇಡಿ. ಕೆಳಗಿನ ಪಟ್ಟಿಯನ್ನೂ ಸೇರಿಸಿ ಅಚ್ಚು ಹಾಕಿಸಿ.